ಅನಾರೋಗ್ಯ, ಕುಟುಂಬದ ಹೊಣೆ ಮತ್ತು ವರ್ಗಾವಣೆ ಆದೇಶ: ಪ್ರಶ್ನಿಸುವ ಮುನ್ನ, ಪ್ರಶ್ನಿಸುವಾಗ

ತಾಯಿಗೆ ಕಿಮೋಥೆರಪಿ ನಡೆಯುತ್ತಿದೆ, ಮಗಳು ಎಸ್ಸೆಸ್ಸೆಲ್ಸಿ ಓದುತ್ತಿದ್ದಾಳೆ, ಗಂಡ ಇದೇ ಊರಿನ ಇನ್ನೊಂದು ಇಲಾಖೆಯಲ್ಲಿದ್ದಾರೆ. ಇಷ್ಟೆಲ್ಲ ಇರುವಾಗ ದೂರದ ಜಿಲ್ಲೆಗೆ ವರ್ಗಾವಣೆ ಮಾಡಿದರೆ ನ್ಯಾಯಾಲಯ ತಡೆಯುವುದಿಲ್ಲವೇ? ಈ ಕಷ್ಟಗಳನ್ನಷ್ಟೇ ಹೇಳಿಕೊಂಡು ಹೋದರೆ ಬಹುಪಾಲು ತಡೆಯುವುದಿಲ್ಲ. ಕಹಿಯಾದರೂ ಇದನ್ನು ಮೊದಲೇ ತಿಳಿದುಕೊಂಡವರು ಸರಿಯಾದ ದಾರಿ ಹಿಡಿಯುತ್ತಾರೆ. ತಿಳಿಯದವರು ವಕೀಲರ ಶುಲ್ಕ, ತಿಂಗಳುಗಳ ಸಂಬಳ ಎರಡನ್ನೂ ಕಳೆದುಕೊಂಡು ಕೊನೆಗೆ ಅದೇ ದೂರದ ಊರಿಗೆ ಹೋಗಿ ವರದಿ ಮಾಡಿಕೊಳ್ಳುತ್ತಾರೆ.

ಕಷ್ಟವನ್ನು ಅಳೆಯುವವರು ಅಧಿಕಾರಿಗಳು, ನಿಯಮವನ್ನು ಅಳೆಯುವುದು ಸರ್ಕಾರಿ ನೌಕರರ ಸೇವಾ ವಿವಾದಗಳನ್ನು ಕೇಳುವ ಆಡಳಿತ ನ್ಯಾಯಮಂಡಳಿ. ಆರೋಗ್ಯ, ಕುಟುಂಬದ ಕಾರಣಗಳಿಗೆ ಹೆಚ್ಚಿನ ಬೆಲೆ ಇರುವುದು ಇಲಾಖೆಗೆ ಕೊಡುವ ಮನವಿಯಲ್ಲಿ. ನ್ಯಾಯಮಂಡಳಿಗೆ ಹೋದಾಗ ಅವುಗಳ ಜೊತೆಗೆ ಒಂದು ನಿಯಮದ ಉಲ್ಲಂಘನೆಯಾದರೂ ಇರಬೇಕು. ಕರ್ನಾಟಕ ರಾಜ್ಯ ಸರ್ಕಾರಿ ನೌಕರರನ್ನು ಮನಸ್ಸಿನಲ್ಲಿಟ್ಟು ಬರೆದ ಈ ಲೇಖನದ ಎಲ್ಲ ಹಂತಗಳೂ ಈ ಒಂದು ಮಾತನ್ನು ಆಧರಿಸಿವೆ. ಕೇಂದ್ರ ಸರ್ಕಾರದ ಮತ್ತು ನಿಗಮ ಮಂಡಳಿಗಳ ನೌಕರರಿಗೆ ವ್ಯತ್ಯಾಸವಾಗುವ ಕಡೆ ಅದನ್ನೂ ಹೇಳಿದ್ದೇನೆ.

ನ್ಯಾಯಾಲಯಗಳು ಈವರೆಗೆ ಏನು ಹೇಳಿವೆ

ಸುಪ್ರೀಂ ಕೋರ್ಟ್ 1993ರಲ್ಲಿ ತೀರ್ಮಾನಿಸಿದ ಎಸ್.ಎಲ್. ಅಬ್ಬಾಸ್ ಪ್ರಕರಣವನ್ನು ಇಂದಿಗೂ ಸರ್ಕಾರಿ ವಕೀಲರು ಮೊದಲು ಎತ್ತಿ ತೋರಿಸುತ್ತಾರೆ. ಭಾರತೀಯ ಸಸ್ಯ ಸರ್ವೇಕ್ಷಣ ಸಂಸ್ಥೆಯ ಈ ನೌಕರರನ್ನು ಶಿಲ್ಲಾಂಗ್‌ನಿಂದ ಈಗಿನ ಉತ್ತರಾಖಂಡದ ಪೌರಿಗೆ ಕಳುಹಿಸಲಾಗಿತ್ತು. ಪತ್ನಿ ಶಿಲ್ಲಾಂಗ್‌ನಲ್ಲೇ ಕೇಂದ್ರ ಸರ್ಕಾರದ ಕಚೇರಿಯಲ್ಲಿದ್ದರು, ಮಕ್ಕಳು ಅಲ್ಲೇ ಓದುತ್ತಿದ್ದರು, ಹಳೆಯ ಅಪಘಾತದ ಬೆನ್ನುನೋವು ಅವರನ್ನು ಬಿಟ್ಟಿರಲಿಲ್ಲ. ಆದರೂ ಅವರು ಗೆಲ್ಲಲಿಲ್ಲ. ಪತಿ-ಪತ್ನಿಯನ್ನು ಒಂದೇ ಊರಿನಲ್ಲಿ ಇಡಬೇಕು ಎನ್ನುವ ಮಾರ್ಗಸೂಚಿ ನ್ಯಾಯಾಲಯದಲ್ಲಿ ಜಾರಿ ಮಾಡಿಸಬಹುದಾದ ಹಕ್ಕನ್ನು ಕೊಡುವುದಿಲ್ಲ ಎಂದು ಕೋರ್ಟ್ ಹೇಳಿತು. ಅದಕ್ಕೂ ಮುಂಚೆ, 1991ರ ಶಿಲ್ಪಿ ಬೋಸ್ ಪ್ರಕರಣದಲ್ಲಿ, ಕಡ್ಡಾಯ ನಿಯಮದ ಉಲ್ಲಂಘನೆ ಅಥವಾ ದುರುದ್ದೇಶ ಇಲ್ಲದಿದ್ದರೆ ವರ್ಗಾವಣೆಯಲ್ಲಿ ನ್ಯಾಯಾಲಯಗಳು ಕೈ ಹಾಕಬಾರದು ಎಂದು ಹೇಳಲಾಗಿತ್ತು.

ಆದರೆ ಅಬ್ಬಾಸ್ ತೀರ್ಪಿನಲ್ಲೇ ನೌಕರನಿಗೆ ಆಸರೆಯಾಗುವ ಒಂದು ಮಾತೂ ಇದೆ: ನೌಕರ ಮನವಿ ಕೊಟ್ಟರೆ ಸಕ್ಷಮ ಪ್ರಾಧಿಕಾರ ಅದನ್ನು ಪರಿಶೀಲಿಸಬೇಕು. ಮನವಿಯನ್ನು ಮೂಲೆಗೆ ಎಸೆಯುವ ಅಧಿಕಾರ ಯಾರಿಗೂ ಇಲ್ಲ. 1994ರ ಕರುಪ್ಪ ತೇವನ್ ಪ್ರಕರಣದಲ್ಲಿ, ತುರ್ತು ಆಡಳಿತಾತ್ಮಕ ಅಗತ್ಯ ಇಲ್ಲದಿರುವಾಗ ಶೈಕ್ಷಣಿಕ ವರ್ಷದ ನಡುವೆ ವರ್ಗಾವಣೆ ಮಾಡುವುದು ಸರಿಯಲ್ಲ ಎಂದು ಹೇಳಿ, ಆ ವರ್ಷ ಮುಗಿಯುವ ತನಕ ಆದೇಶವನ್ನು ಜಾರಿ ಮಾಡದಂತೆ ಸುಪ್ರೀಂ ಕೋರ್ಟ್ ತಡೆಯಿತು. 2022ರ ಮಾರ್ಚ್‌ನಲ್ಲಿ ಬಂದ ನೌಶಾದ್ ರೆಹಮಾನ್ ತೀರ್ಪು ಇನ್ನೂ ಮುಂದೆ ಹೋಗುತ್ತದೆ. ಕುಟುಂಬ ಜೀವನ, ಖಾಸಗಿತನ, ಘನತೆ ಇವೆಲ್ಲ ಸಂವಿಧಾನದ 21ನೇ ವಿಧಿಯೊಳಗೆ ಬರುತ್ತವೆ, ವರ್ಗಾವಣೆ ನೀತಿ ರೂಪಿಸುವಾಗ ಸರ್ಕಾರ ಇವನ್ನು ಗಣನೆಗೆ ತೆಗೆದುಕೊಳ್ಳಬೇಕು ಎನ್ನುತ್ತದೆ ಅದು. ಈ ತೀರ್ಪು ಯಾರ ವರ್ಗಾವಣೆಯನ್ನೂ ತಾನಾಗಿ ರದ್ದು ಮಾಡುವುದಿಲ್ಲ. ಆದರೆ 'ಕುಟುಂಬದ ಕಾರಣ ನಮಗೆ ಸಂಬಂಧಿಸಿದ್ದಲ್ಲ' ಎಂದು ಬರೆದು ಮನವಿಯನ್ನು ತಳ್ಳಿಹಾಕುವ ಅಧಿಕಾರಿಗೆ ಇದು ಒಳ್ಳೆಯ ಉತ್ತರ.

ಆದೇಶವನ್ನು ಸಾಲು ಸಾಲಾಗಿ ಓದಿ

ಆದೇಶ ವಾಟ್ಸ್ಆ್ಯಪ್‌ನಲ್ಲಿ ಬಂದಿದ್ದರೂ ಅಧಿಕೃತ ಪ್ರತಿಯನ್ನು ಪಡೆದುಕೊಳ್ಳಿ. ಅದರಲ್ಲಿ ನೋಡಬೇಕಾದ ಸಂಗತಿಗಳು ಹೆಚ್ಚೇನಿಲ್ಲ, ಆದರೆ ಪ್ರಕರಣದ ಹಣೆಬರಹ ಅವುಗಳ ಮೇಲೆಯೇ ನಿಂತಿರುತ್ತದೆ.

ಆದೇಶ ಹೊರಡಿಸಿದವರು ಯಾರು, ಅವರಿಗೆ ನಿಮ್ಮ ವೃಂದದ (ಕೇಡರ್) ಮೇಲೆ ಅಧಿಕಾರವಿದೆಯೇ? ಜಿಲ್ಲಾ ಮಟ್ಟದ ವೃಂದ, ವಿಭಾಗ ಮಟ್ಟದ ವೃಂದ, ರಾಜ್ಯ ಮಟ್ಟದ ವೃಂದ ಇವುಗಳಿಗೆ ಜ್ಯೇಷ್ಠತಾ ಘಟಕವೂ (ಸೇವಾ ಹಿರಿತನವನ್ನು ಲೆಕ್ಕ ಹಾಕುವ ವ್ಯಾಪ್ತಿ) ನೇಮಕಾತಿ ಪ್ರಾಧಿಕಾರವೂ ಬೇರೆ ಬೇರೆ. ಘಟಕದಿಂದ ಹೊರಗೆ ಕಳುಹಿಸಿದ್ದರೆ ಅದು ಸಾಮಾನ್ಯ ವರ್ಗಾವಣೆಯಲ್ಲ, ಅದಕ್ಕೆ ಪ್ರತ್ಯೇಕ ನಿಯಮದ ಬಲ ಬೇಕು. ಸಂವಿಧಾನದ 371(ಜೆ) ವಿಧಿಯ ಅಡಿಯ ಕಲ್ಯಾಣ ಕರ್ನಾಟಕ ಸ್ಥಳೀಯ ವೃಂದದಲ್ಲಿರುವವರು ಈ ಅಂಶವನ್ನು ಇನ್ನೂ ಎಚ್ಚರದಿಂದ ನೋಡಬೇಕು.

ಯಾವ ಕಾರಣಕ್ಕೆ ಎಂದು ಬರೆದಿದ್ದಾರೆ? 'ಸಾರ್ವಜನಿಕ ಹಿತದೃಷ್ಟಿಯಿಂದ', 'ಆಡಳಿತಾತ್ಮಕ ಕಾರಣಗಳಿಂದ', 'ಕೋರಿಕೆಯ ಮೇರೆಗೆ', ಇವು ಮೂರೂ ಒಂದೇ ಅಲ್ಲ. ನೀವು ಕೇಳಿಕೊಳ್ಳದೆಯೇ 'ಕೋರಿಕೆಯ ಮೇರೆಗೆ' ಎಂದು ಬರೆದಿದ್ದರೆ ಅದೇ ದಿನ ಲಿಖಿತವಾಗಿ ಆಕ್ಷೇಪಿಸಿ. ಕೋರಿಕೆ ವರ್ಗಾವಣೆಗೆ ವರ್ಗಾವಣೆ ಭತ್ಯೆ ಸಿಗುವುದಿಲ್ಲ, ಘಟಕ ಬದಲಾದರೆ ಜ್ಯೇಷ್ಠತೆಗೂ ಪೆಟ್ಟು ಬೀಳಬಹುದು. ನಿಮ್ಮ ಜಾಗಕ್ಕೆ ಯಾರನ್ನು ಹಾಕಿದ್ದಾರೆ, ನಿಮಗೆ ಕೊಟ್ಟಿರುವ ಹುದ್ದೆ ನಿಜಕ್ಕೂ ಖಾಲಿ ಇದೆಯೇ ಎಂಬುದನ್ನೂ ವಿಚಾರಿಸಿ. ಹುದ್ದೆ ತೋರಿಸದೆ ಸ್ಥಳ ನಿರೀಕ್ಷಣೆಯಲ್ಲಿ ಇಟ್ಟಿದ್ದರೆ ಸಂಬಳವೇ ನಿಲ್ಲುತ್ತದೆ.

ಎಲ್ಲಕ್ಕಿಂತ ಮುಖ್ಯವಾದದ್ದು ಅವಧಿ. ರಾಜ್ಯ ಸರ್ಕಾರದ ವರ್ಗಾವಣೆ ಮಾರ್ಗಸೂಚಿ 2013ರ ಜೂನ್ 7ರ ಆದೇಶದಲ್ಲಿದೆ. ಆಮೇಲೆ ಸಾಮಾನ್ಯ ವರ್ಗಾವಣೆಯ ಹೊತ್ತಿಗೆ ಬಂದ ಆದೇಶಗಳು ಕನಿಷ್ಠ ಸೇವಾವಧಿ, ವೃಂದಬಲದ ಶೇಕಡಾವಾರು ಮಿತಿ, ಕೊನೆಯ ದಿನಾಂಕ ಇವನ್ನೆಲ್ಲ ಆಗಾಗ ಬದಲಾಯಿಸಿವೆ. ನಿಮ್ಮ ಆದೇಶದ ದಿನದಂದು ಜಾರಿಯಲ್ಲಿದ್ದದ್ದು ಯಾವುದೋ ಅದನ್ನೇ ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆಯ ಜಾಲತಾಣದಿಂದ ಇಳಿಸಿಕೊಳ್ಳಿ. ಸಾಮಾನ್ಯ ವರ್ಗಾವಣೆಯ ಅವಧಿ ಮುಗಿದ ಮೇಲೆ ಅಥವಾ ಕನಿಷ್ಠ ಸೇವಾವಧಿ ತುಂಬುವ ಮೊದಲು ವರ್ಗಾವಣೆ ಮಾಡಬೇಕಾದರೆ ಕಾರಣ ದಾಖಲಿಸಿ ಮುಖ್ಯಮಂತ್ರಿಗಳ ಪೂರ್ವಾನುಮೋದನೆ ಪಡೆಯಬೇಕು ಎನ್ನುವುದು 2013ರ ಮಾರ್ಗಸೂಚಿಯ ಅತಿ ಮುಖ್ಯ ಅಂಶ. ಆದೇಶ ಹೊರಬಿದ್ದ ಮೇಲೆ ಪಡೆದ ಅನುಮೋದನೆ ಪೂರ್ವಾನುಮೋದನೆ ಅಲ್ಲ. ಕರ್ನಾಟಕದಲ್ಲಿ ವರ್ಗಾವಣೆಯ ಅರ್ಜಿಗಳಲ್ಲಿ ಹೆಚ್ಚು ಚರ್ಚೆ ನಡೆಯುವುದು ಈ ಒಂದು ಅಂಶದ ಸುತ್ತಲೇ. ತೀವ್ರ ಅನಾರೋಗ್ಯ, ಅಂಗವೈಕಲ್ಯ, ವಿಧವೆಯರು, ಪತಿ-ಪತ್ನಿ ಪ್ರಕರಣ, ನಿವೃತ್ತಿಗೆ ಹತ್ತಿರವಿರುವವರು ಇಂಥವರಿಗೆ ಮಾರ್ಗಸೂಚಿಯಲ್ಲಿ ವಿನಾಯಿತಿ ಅಥವಾ ಆದ್ಯತೆ ಇದೆ. ನಿಮಗೆ ಅನ್ವಯಿಸುವ ಕಂಡಿಕೆಯ ಸಂಖ್ಯೆಯನ್ನು ಬರೆದಿಟ್ಟುಕೊಳ್ಳಿ.

ಶಿಕ್ಷಕರ ವಿಷಯ ಬೇರೆ. ಅವರ ವರ್ಗಾವಣೆ 2020ರ ಶಿಕ್ಷಕರ ವರ್ಗಾವಣೆ ನಿಯಂತ್ರಣ ಕಾಯ್ದೆಯ ಅಡಿಯಲ್ಲಿ, ಕೌನ್ಸೆಲಿಂಗ್ ಮೂಲಕ ನಡೆಯುತ್ತದೆ. ಆರೋಗ್ಯ ಇಲಾಖೆಯ ವೈದ್ಯರು ಮತ್ತು ಸಿಬ್ಬಂದಿಗೆ 2011ರ ಕಾಯ್ದೆ ಇದೆ, ಪೊಲೀಸರಿಗೆ ಕರ್ನಾಟಕ ಪೊಲೀಸ್ ಕಾಯ್ದೆಯ ಅಡಿಯ ಪೊಲೀಸ್ ಎಸ್ಟಾಬ್ಲಿಷ್‌ಮೆಂಟ್ ಬೋರ್ಡ್ ಇದೆ. ಮಾರ್ಗಸೂಚಿಯ ಉಲ್ಲಂಘನೆಗಿಂತ ಕಾಯ್ದೆಯ ಉಲ್ಲಂಘನೆ ನ್ಯಾಯಮಂಡಳಿಯಲ್ಲಿ ಹೆಚ್ಚು ತೂಗುತ್ತದೆ. ಹಾಗಾಗಿ ಈ ಇಲಾಖೆಗಳವರು ಮೊದಲು ತಮ್ಮ ಕಾಯ್ದೆಯನ್ನು ಓದಬೇಕು.

ದಾಖಲೆ: ಕಾಯಿಲೆ ಇದೆ ಎನ್ನುವುದಷ್ಟೇ ಸಾಲದು

ಹೆಚ್ಚಿನ ಮನವಿಗಳು ಸೋಲುವುದು ಇಲ್ಲಿ. 'ನನಗೆ ಹೃದಯದ ತೊಂದರೆ ಇದೆ' ಎಂದು ಬರೆದು ಹತ್ತು ಲ್ಯಾಬ್ ವರದಿ ಲಗತ್ತಿಸಿದರೆ ಓದುವ ಅಧಿಕಾರಿಗೆ ಅದರಿಂದ ಏನೂ ತಿಳಿಯುವುದಿಲ್ಲ. ಅವರು ಉತ್ತರ ಹುಡುಕುವ ಪ್ರಶ್ನೆ ಒಂದೇ: ಈ ಚಿಕಿತ್ಸೆ ಹೊಸ ಸ್ಥಳದಲ್ಲಿ ಏಕೆ ಸಾಧ್ಯವಿಲ್ಲ?

ತುಮಕೂರಿನಲ್ಲಿರುವ, ರಾಜ್ಯ ಮಟ್ಟದ ವೃಂದಕ್ಕೆ ಸೇರಿದ ಪ್ರಥಮ ದರ್ಜೆ ಸಹಾಯಕಿಯೊಬ್ಬರನ್ನು ಕಲಬುರಗಿಗೆ ಹಾಕಿದ್ದಾರೆ ಎಂದಿಟ್ಟುಕೊಳ್ಳೋಣ. 'ನನ್ನ ತಂದೆಗೆ ಜಯದೇವದಲ್ಲಿ ಚಿಕಿತ್ಸೆ' ಎಂದಷ್ಟೇ ಬರೆದರೆ ಕಡತ ನಿರ್ವಹಿಸುವವರು 'ಜಯದೇವ ಆಸ್ಪತ್ರೆ ಕಲಬುರಗಿಯಲ್ಲೂ ಇದೆ' ಎಂದು ಟಿಪ್ಪಣಿ ಬರೆದು ಮುಗಿಸುತ್ತಾರೆ. ಡಯಾಲಿಸಿಸ್ ಈಗ ಅನೇಕ ತಾಲ್ಲೂಕು ಆಸ್ಪತ್ರೆಗಳಲ್ಲೇ ಸಿಗುತ್ತದೆ, ಅದನ್ನೇ ಕಾರಣವಾಗಿ ಕೊಟ್ಟರೂ ಇದೇ ಗತಿ. ಅದೇ ವೈದ್ಯರ ತಂಡ ಶಸ್ತ್ರಚಿಕಿತ್ಸೆ ಮಾಡಿದೆ, ಇಂತಿಷ್ಟು ದಿನಕ್ಕೊಮ್ಮೆ ಅಲ್ಲೇ ಪರೀಕ್ಷೆ ಆಗಬೇಕು, ದೀರ್ಘ ಪ್ರಯಾಣ ಬೇಡವೆಂದು ಹೇಳಿದ್ದಾರೆ, ಜೊತೆಗೆ ಒಬ್ಬರು ಇರಲೇಬೇಕು, ಮನೆಯಲ್ಲಿ ಬೇರೆ ಯಾರೂ ಇಲ್ಲ. ಇವೆಲ್ಲ ಚಿಕಿತ್ಸೆ ನೀಡುತ್ತಿರುವ ವೈದ್ಯರ ಪತ್ರದಲ್ಲಿ ಬಂದರೆ ಅದು ನಿಲ್ಲುತ್ತದೆ.

ಆದ್ದರಿಂದ ವೈದ್ಯರ ಬಳಿ 'ಸರ್ಟಿಫಿಕೇಟ್ ಕೊಡಿ' ಎಂದು ಕೇಳುವ ಬದಲು ಕಾಯಿಲೆಯ ಹೆಸರು, ಚಿಕಿತ್ಸೆ ಶುರುವಾದ ದಿನಾಂಕ, ಮುಂದಿನ ಚಿಕಿತ್ಸೆಯ ವೇಳಾಪಟ್ಟಿ, ಎಷ್ಟು ಕಾಲ ನಡೆಯಬಹುದು, ಪ್ರಯಾಣ ಮತ್ತು ಆರೈಕೆಯ ಬಗ್ಗೆ ಸಲಹೆ ಇವಿಷ್ಟನ್ನು ಬರೆದುಕೊಡುವಂತೆ ಕೋರಿ. ಆದೇಶ ಬಂದ ಮರುದಿನದ ಪ್ರಮಾಣಪತ್ರ ಅನುಮಾನ ಹುಟ್ಟಿಸುತ್ತದೆ. ಆದೇಶಕ್ಕಿಂತ ಹಿಂದಿನ ದಾಖಲೆಗಳು ಅದರ ಬೆನ್ನಿಗಿರಬೇಕು. ಇಂಥ ದಾಖಲೆ ನಿಮ್ಮ ಕಚೇರಿಯಲ್ಲೇ ಇರುವ ಸಾಧ್ಯತೆ ಹೆಚ್ಚು. ಸರ್ಕಾರಿ ನೌಕರರ ಜ್ಯೋತಿ ಸಂಜೀವಿನಿ ಆರೋಗ್ಯ ಯೋಜನೆಯಲ್ಲಿ ಪಡೆದ ಚಿಕಿತ್ಸೆ, ವೈದ್ಯಕೀಯ ವೆಚ್ಚ ಮರುಪಾವತಿಯ ಮಂಜೂರಾತಿ, ಹಿಂದೆ ಪಡೆದ ಪರಿವರ್ತಿತ ರಜೆಯ ಆದೇಶ ಇವೆಲ್ಲ ಇಲಾಖೆಯೇ ಒಪ್ಪಿದ ಸಾಕ್ಷ್ಯಗಳು. ಖಾಸಗಿ ಆಸ್ಪತ್ರೆಯ ಪತ್ರ ಇದ್ದರೆ ಜಿಲ್ಲಾ ಆಸ್ಪತ್ರೆಯ ವೈದ್ಯಕೀಯ ಮಂಡಳಿಯ ಮುಂದೆ ಹಾಜರಾಗಲು ಸಿದ್ಧ ಎಂದು ನೀವೇ ಮನವಿಯಲ್ಲಿ ಬರೆಯಿರಿ. ನಿಜವಾದ ಕಾಯಿಲೆ ಇರುವವರಿಗೆ ಇದರಿಂದ ನಷ್ಟವಿಲ್ಲ. ಇಲ್ಲದ ಕಾಯಿಲೆಗೆ ಪತ್ರ ಮಾಡಿಸುವುದು ದುರ್ನಡತೆ, ಅದು ಇಲಾಖಾ ವಿಚಾರಣೆಗೆ ದಾರಿ ಮಾಡಿಕೊಡುತ್ತದೆ. ಅಷ್ಟೇ ಅಲ್ಲ, ನಿಜಕ್ಕೂ ಕಷ್ಟದಲ್ಲಿರುವ ಮುಂದಿನ ನೌಕರನ ಮಾತನ್ನೂ ಯಾರೂ ನಂಬದಂತೆ ಮಾಡುತ್ತದೆ.

ಕಾಯಿಲೆ ನಿಮ್ಮದೇ ಆಗಿದ್ದರೆ ಒಂದು ಎಚ್ಚರ ಬೇಕು. ಕಾಯಿಲೆಯ ತೀವ್ರತೆ ಹೇಳುವ ಭರದಲ್ಲಿ 'ನಾನು ಕೆಲಸ ಮಾಡಲಾಗದ ಸ್ಥಿತಿಯಲ್ಲಿದ್ದೇನೆ' ಎಂದು ಬರೆಯಬೇಡಿ. ಹಾಗೆ ಬರೆದರೆ ಈಗಿನ ಹುದ್ದೆಗೂ ಅರ್ಹರೇ ಎನ್ನುವ ಪ್ರಶ್ನೆ ಏಳುತ್ತದೆ. 'ಇಲ್ಲಿ ಚಿಕಿತ್ಸೆ ಪಡೆಯುತ್ತಲೇ ಕರ್ತವ್ಯವನ್ನು ಪೂರ್ಣವಾಗಿ ನಿರ್ವಹಿಸುತ್ತಿದ್ದೇನೆ, ಚಿಕಿತ್ಸೆ ತಪ್ಪಿದರೆ ಅದು ಕಷ್ಟವಾಗುತ್ತದೆ' ಎಂಬ ಮಾತು ಸತ್ಯವೂ ಹೌದು, ಸುರಕ್ಷಿತವೂ ಹೌದು.

ಅಂಗವೈಕಲ್ಯ ಇರುವವರ ಸ್ಥಾನ ಇನ್ನೂ ಗಟ್ಟಿ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆಯ 20ನೇ ಕಲಂ ಸರ್ಕಾರಿ ಉದ್ಯೋಗದಲ್ಲಿ ತಾರತಮ್ಯವನ್ನು ನಿಷೇಧಿಸುತ್ತದೆ, ಸೂಕ್ತ ಅನುಕೂಲ ಕಲ್ಪಿಸಬೇಕು ಎನ್ನುತ್ತದೆ, ವಿಕಲಚೇತನ ನೌಕರರ ಸ್ಥಳನಿಯುಕ್ತಿ ಮತ್ತು ವರ್ಗಾವಣೆಗೆ ನೀತಿ ರೂಪಿಸುವ ಬಗ್ಗೆಯೂ ಹೇಳುತ್ತದೆ. ಯುಡಿಐಡಿ ಕಾರ್ಡಿನ (ವಿಕಲಚೇತನರ ಗುರುತಿನ ಚೀಟಿ) ಪ್ರತಿ ಲಗತ್ತಿಸಿ. ವಿಕಲಚೇತನರ ರಾಜ್ಯ ಆಯುಕ್ತರಿಗೂ ದೂರು ಕೊಡಬಹುದು. ಆದರೆ ಆದೇಶಕ್ಕೆ ತಡೆಯಾಜ್ಞೆ ಬೇಕಾದರೆ ನ್ಯಾಯಮಂಡಳಿಗೇ ಹೋಗಬೇಕು. ಕೇಂದ್ರ ಸರ್ಕಾರಿ ನೌಕರರಿಗೆ ಇನ್ನೆರಡು ಆಧಾರಗಳಿವೆ: ಪತಿ-ಪತ್ನಿಯನ್ನು ಒಂದೇ ಸ್ಥಳದಲ್ಲಿ ನಿಯೋಜಿಸುವ ಬಗ್ಗೆ 2009ರ ಸೆಪ್ಟೆಂಬರ್ 30ರ ಜ್ಞಾಪನ, ವಿಕಲಚೇತನ ಅವಲಂಬಿತರನ್ನು ನೋಡಿಕೊಳ್ಳುವ ನೌಕರರಿಗೆ ನಿಯತಕಾಲಿಕ ವರ್ಗಾವಣೆಯಿಂದ ವಿನಾಯಿತಿ ಕೊಡುವ 2018ರ ಅಕ್ಟೋಬರ್ 8ರ ಜ್ಞಾಪನ.

ಕುಟುಂಬದ ಕಾರಣಕ್ಕೆ ಬೇಕಾಗುವ ಕಾಗದಗಳು ಸರಳ. ಪತಿ ಅಥವಾ ಪತ್ನಿಯ ಸೇವಾ ಪ್ರಮಾಣಪತ್ರ, ಮದುವೆ ನೋಂದಣಿ, ಮಗುವಿನ ಶಾಲೆಯ ವ್ಯಾಸಂಗ ಪ್ರಮಾಣಪತ್ರ, ಪಡಿತರ ಚೀಟಿ, ತಂದೆ-ತಾಯಿ ನಿಮ್ಮ ಜೊತೆಗೇ ಇದ್ದಾರೆ ಎಂಬುದಕ್ಕೆ ವಿಳಾಸದ ದಾಖಲೆ. ಅಣ್ಣ ತಮ್ಮಂದಿರು ಇದ್ದರೆ ಅವರು ಎಲ್ಲಿದ್ದಾರೆ, ಏಕೆ ನೋಡಿಕೊಳ್ಳಲಾಗುವುದಿಲ್ಲ ಎಂದು ಒಂದು ಸಾಲು ಬರೆಯಿರಿ. ಬರೆಯದಿದ್ದರೆ ಎದುರಿನವರೇ ಅದನ್ನು ಕೇಳುತ್ತಾರೆ.

ಮನವಿ

ಆದೇಶ ತಲುಪಿದ ಒಂದೆರಡು ದಿನದೊಳಗೆ ಮನವಿ ಹೋಗಬೇಕು. ವರ್ಗಾವಣೆ ಮಾಡಿದ ಪ್ರಾಧಿಕಾರಕ್ಕೆ ಬರೆದು, ಈಗಿನ ಕಚೇರಿ ಮುಖ್ಯಸ್ಥರ ಮುಖಾಂತರ ಕಳುಹಿಸಿ. ಒಂದು ಮುಂಗಡ ಪ್ರತಿಯನ್ನು ನೇರವಾಗಿ ಟಪಾಲು ಶಾಖೆಗೆ ಕೊಟ್ಟು ಮೊಹರು, ದಿನಾಂಕ ಸಹಿತ ಸ್ವೀಕೃತಿ ಪಡೆಯಿರಿ, ಇಮೇಲ್ ಕೂಡ ಮಾಡಿ. ಸ್ವೀಕೃತಿ ಇಲ್ಲದ ಮನವಿಯನ್ನು ಕೊಟ್ಟೇ ಇಲ್ಲವೆಂದು ಮುಂದೆ ವಾದಿಸುತ್ತಾರೆ.

ಎರಡು ಪುಟ ಮೀರಬಾರದು. ಭಾಷೆ ಹೀಗಿರಲಿ:

"ನಾನು ದಿನಾಂಕ ____ ರಿಂದ ____ ಕಚೇರಿಯಲ್ಲಿ ____ ಹುದ್ದೆಯಲ್ಲಿ ಕರ್ತವ್ಯ ನಿರ್ವಹಿಸುತ್ತಿದ್ದು, ಉಲ್ಲೇಖಿತ ಆದೇಶದಲ್ಲಿ ನನ್ನನ್ನು ____ ಇಲ್ಲಿಗೆ ವರ್ಗಾಯಿಸಲಾಗಿದೆ. ಪ್ರಸ್ತುತ ಸ್ಥಳದಲ್ಲಿ ನನ್ನ ಸೇವೆ ____ ವರ್ಷ ____ ತಿಂಗಳು ಮಾತ್ರ ಆಗಿದ್ದು, ವರ್ಗಾವಣೆ ಮಾರ್ಗಸೂಚಿಯ ಕಂಡಿಕೆ ____ ರಲ್ಲಿ ನಿಗದಿಪಡಿಸಿದ ಕನಿಷ್ಠ ಅವಧಿ ಪೂರ್ಣಗೊಂಡಿರುವುದಿಲ್ಲ. ನನ್ನ ತಾಯಿ ____ ಕಾಯಿಲೆಗೆ ದಿನಾಂಕ ____ ರಿಂದ ____ ಆಸ್ಪತ್ರೆಯಲ್ಲಿ ಚಿಕಿತ್ಸೆ ಪಡೆಯುತ್ತಿದ್ದು, ಚಿಕಿತ್ಸೆ ____ ರವರೆಗೆ ಮುಂದುವರಿಯುವುದಾಗಿ ವೈದ್ಯರು ದೃಢೀಕರಿಸಿರುತ್ತಾರೆ (ಲಗತ್ತು 2). ಆದ್ದರಿಂದ ಸದರಿ ಆದೇಶವನ್ನು ರದ್ದುಪಡಿಸಲು, ಅದು ಸಾಧ್ಯವಾಗದಿದ್ದಲ್ಲಿ ಕೆಳಕಂಡ ಖಾಲಿ ಹುದ್ದೆಗಳ ಪೈಕಿ ಒಂದಕ್ಕೆ ಮಾರ್ಪಡಿಸಲು, ಅದೂ ಸಾಧ್ಯವಾಗದಿದ್ದಲ್ಲಿ ದಿನಾಂಕ ____ ರವರೆಗೆ ಪ್ರಸ್ತುತ ಸ್ಥಳದಲ್ಲಿಯೇ ಮುಂದುವರಿಸಲು ಕೋರುತ್ತೇನೆ. ಈ ಮನವಿ ಇತ್ಯರ್ಥವಾಗುವವರೆಗೆ ನನ್ನನ್ನು ಕರ್ತವ್ಯದಿಂದ ಬಿಡುಗಡೆಗೊಳಿಸದಂತೆ ವಿನಂತಿಸುತ್ತೇನೆ."

ಈ ಮಾದರಿಯಲ್ಲಿ ಕೋರಿಕೆ ಮೂರು ಮೆಟ್ಟಿಲಾಗಿ ಇಳಿಯುವುದನ್ನು ಗಮನಿಸಿ. ರದ್ದುಪಡಿಸಿ ಎಂದು ಮಾತ್ರ ಕೇಳಿದರೆ ಅಧಿಕಾರಿಗೆ ಹೌದು ಅಥವಾ ಇಲ್ಲ ಎನ್ನುವುದನ್ನು ಬಿಟ್ಟು ಬೇರೆ ದಾರಿ ಇರುವುದಿಲ್ಲ, ಆದೇಶ ಹೊರಡಿಸಿದವರೇ ಅದನ್ನು ರದ್ದು ಮಾಡುವುದು ಅಪರೂಪ. ಪಕ್ಕದ ತಾಲ್ಲೂಕಿನ ಖಾಲಿ ಹುದ್ದೆಗಳನ್ನು ನೀವೇ ಹುಡುಕಿ ಬರೆದರೆ, ಅಥವಾ ಮಾರ್ಚ್ ಪರೀಕ್ಷೆ ಮುಗಿಯುವವರೆಗೆ ಮಾತ್ರ ಎಂದು ಕೇಳಿದರೆ, ಅವರು ಒಪ್ಪಿಕೊಳ್ಳುವುದು ಸುಲಭವಾಗುತ್ತದೆ. ಮಗುವಿನ ಓದಿನ ಕಾರಣವಿದ್ದವರು ವರ್ಷಾಂತ್ಯದವರೆಗಿನ ಕೋರಿಕೆಯನ್ನು ಬಿಡಲೇಬಾರದು. ಕರುಪ್ಪ ತೇವನ್ ತೀರ್ಪು ಕೊಟ್ಟದ್ದೂ ಅಷ್ಟನ್ನೇ.

ಶಾಸಕರ ಅಥವಾ ಸಚಿವರ ಶಿಫಾರಸು ಪತ್ರವನ್ನು ಮನವಿಗೆ ಲಗತ್ತಿಸಬೇಡಿ. ಮೇಲಧಿಕಾರಿಗಳ ಮೇಲೆ ರಾಜಕೀಯ ಪ್ರಭಾವ ತರುವುದು ನಡತೆ ನಿಯಮಗಳಿಗೆ ವಿರುದ್ಧ. ನಿಮ್ಮನ್ನು ಎತ್ತಂಗಡಿ ಮಾಡಿಸಲು ಬೇರೆಯವರು ಶಿಫಾರಸು ತಂದಿದ್ದಾರೆ ಎಂದು ನಾಳೆ ವಾದಿಸುವಾಗ ನಿಮ್ಮ ಕೈಯೂ ಶುಭ್ರವಾಗಿರಬೇಕು.

ಇದೇ ವೇಳೆ ಮಾಹಿತಿ ಹಕ್ಕು ಅರ್ಜಿಯನ್ನೂ ಹಾಕಿ. ವರ್ಗಾವಣೆ ಕಡತದ ಟಿಪ್ಪಣಿ ಹಾಳೆ, ಮುಖ್ಯಮಂತ್ರಿಗಳ ಅನುಮೋದನೆಯ ಪ್ರತಿ ಮತ್ತು ದಿನಾಂಕ, ಖಾಲಿ ಹುದ್ದೆಗಳ ಪಟ್ಟಿ ಕೇಳಿ. ತನ್ನ ತೀರ್ಮಾನದಿಂದ ಬಾಧಿತರಾದವರಿಗೆ ಕಾರಣ ತಿಳಿಸುವುದು ಸಾರ್ವಜನಿಕ ಪ್ರಾಧಿಕಾರದ ಕರ್ತವ್ಯವೆಂದು ಮಾಹಿತಿ ಹಕ್ಕು ಕಾಯ್ದೆಯ 4(1)(ಡಿ) ಹೇಳುತ್ತದೆ, ಅದನ್ನೂ ಉಲ್ಲೇಖಿಸಿ. ಉತ್ತರಕ್ಕೆ 30 ದಿನಗಳ ಕಾಲಾವಕಾಶ ಇರುವುದರಿಂದ ಅದಕ್ಕಾಗಿ ಕಾಯುತ್ತ ಕೂರಬಾರದು. ಆದರೆ ಪ್ರಕರಣ ನಡೆಯುತ್ತಿರುವಾಗ ಬರುವ ಆ ಪ್ರತಿಗಳು ಸರ್ಕಾರದ ಆಕ್ಷೇಪಣೆಗೆ ಉತ್ತರ ಕೊಡಲು ನೆರವಾಗುತ್ತವೆ.

ಮನೆಯಲ್ಲಿ ಕೂರಬೇಡಿ

ಮನವಿ ಕೊಟ್ಟಾಯಿತು, ಇನ್ನು ಉತ್ತರ ಬರುವವರೆಗೆ ಹೋಗಬೇಕಿಲ್ಲ ಎಂಬ ನಂಬಿಕೆ ಎಷ್ಟೋ ನೌಕರರ ಸೇವೆಗೆ ಕುತ್ತು ತಂದಿದೆ. 1989ರಲ್ಲಿ ಗುಜರಾತ್ ವಿದ್ಯುತ್ ಮಂಡಳಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟವಾಗಿ ತಳ್ಳಿಹಾಕಿದೆ: ಆದೇಶಕ್ಕೆ ತಡೆ ಇಲ್ಲದಿದ್ದರೆ, ಅದು ಮಾರ್ಪಾಡಾಗದಿದ್ದರೆ, ನೌಕರ ಹೋಗಿ ಸೇರಲೇಬೇಕು. ಮನವಿ ಬಾಕಿ ಇದೆ ಎನ್ನುವುದು ನೆಪವಾಗದು. 2006ರ ಎಸ್.ಸಿ. ಸಕ್ಸೇನಾ ಪ್ರಕರಣದಲ್ಲೂ ಮೊದಲು ಸೇರಿ, ಆಮೇಲೆ ಅಹವಾಲು ಹೇಳಿಕೊಳ್ಳಿ ಎಂದೇ ಹೇಳಿದೆ. ಬಿಡುಗಡೆ ಆದೇಶ ಕೈಗೆ ಸಿಗದಂತೆ ತಪ್ಪಿಸಿಕೊಳ್ಳುವುದು, ಬೀರುವಿನ ಕೀಲಿ ಕೊಡದಿರುವುದು, ದಿಢೀರನೆ ವೈದ್ಯಕೀಯ ರಜೆ ಹಾಕುವುದು ಇವೆಲ್ಲ ಅನಧಿಕೃತ ಗೈರುಹಾಜರಿಯ ಆರೋಪಕ್ಕೆ ಬುನಾದಿಯಾಗುತ್ತವೆ, ನ್ಯಾಯಮಂಡಳಿಯ ಸಹಾನುಭೂತಿಯನ್ನೂ ಕಳೆಯುತ್ತವೆ.

ಸೇರಿಬಿಟ್ಟರೆ ಪ್ರಶ್ನಿಸುವ ಹಕ್ಕು ಹೋಗುತ್ತದೆ ಎಂಬ ಭಯವೂ ಬೇಡ. ಕರ್ತವ್ಯಕ್ಕೆ ಹಾಜರಾಗುವ ವರದಿಯಲ್ಲಿ 'ವರ್ಗಾವಣೆ ಆದೇಶವನ್ನು ಪ್ರಶ್ನಿಸುವ ನನ್ನ ಹಕ್ಕಿಗೆ ಬಾಧೆ ಬಾರದಂತೆ, ಆದೇಶ ಪಾಲನೆಗಾಗಿ ಹಾಜರಾಗಿರುತ್ತೇನೆ' ಎಂದು ಬರೆದು ಪ್ರತಿ ಇಟ್ಟುಕೊಳ್ಳಿ. ಆದರೆ ವ್ಯವಹಾರದ ದೃಷ್ಟಿಯಿಂದ ಒಂದು ಮಾತು ನಿಜ. ನೀವು ಇನ್ನೂ ಬಿಡುಗಡೆಯಾಗದಿರುವಾಗ, ನಿಮ್ಮ ಜಾಗಕ್ಕೆ ಬಂದವರು ಪ್ರಭಾರ ವಹಿಸಿಕೊಳ್ಳುವ ಮೊದಲು ಯಥಾಸ್ಥಿತಿಯ ಆದೇಶ ಪಡೆಯುವುದು ಸುಲಭ, ಆಮೇಲೆ ಬಲು ಕಷ್ಟ. ಹಾಗಾಗಿ ನ್ಯಾಯಮಂಡಳಿಗೆ ಹೋಗುವ ತೀರ್ಮಾನವನ್ನು ವಾರಗಟ್ಟಲೆ ಮುಂದೂಡಬೇಡಿ. ಪ್ರಭಾರ ಹಸ್ತಾಂತರದ ಪತ್ರದಲ್ಲಿ, ಅಂದರೆ ಕಚೇರಿಯಲ್ಲಿ ಸಿಟಿಸಿ ಎನ್ನುವ ನಮೂನೆಯಲ್ಲಿ, ದಿನಾಂಕ ಮತ್ತು ಪೂರ್ವಾಹ್ನ ಅಥವಾ ಅಪರಾಹ್ನ ಏನೆಂದು ಬರೆದಿದ್ದಾರೆ ಎಂಬುದನ್ನೂ ನೋಡಿ. ನೀವು ಸಹಿ ಮಾಡದೆಯೇ ನಿಮ್ಮ ಜಾಗಕ್ಕೆ ಬಂದವರು ಏಕಪಕ್ಷೀಯವಾಗಿ ಪ್ರಭಾರ ವಹಿಸಿಕೊಂಡಿದ್ದರೆ ಅದು ಅರ್ಜಿಯಲ್ಲಿ ಬರಬೇಕು.

ಎಲ್ಲಿಗೆ ಹೋಗಬೇಕು

ರಾಜ್ಯ ಸರ್ಕಾರಿ ನೌಕರರು ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಎಲ್ಲರ ಬಾಯಲ್ಲಿ ಅದು ಕೆಎಟಿ. ಬೆಂಗಳೂರಿನ ಕೆಂಪೇಗೌಡ ರಸ್ತೆಯ ಕಂದಾಯ ಭವನದಲ್ಲಿ ಪ್ರಧಾನ ಪೀಠ, ಬೆಳಗಾವಿ ಮತ್ತು ಕಲಬುರಗಿಯಲ್ಲಿ ಇನ್ನೆರಡು ಪೀಠಗಳಿವೆ. ನೇರವಾಗಿ ಹೈಕೋರ್ಟಿಗೆ ಹೋಗಲು ಸಾಧ್ಯವಿಲ್ಲ ಎಂಬುದು 1997ರ ಚಂದ್ರಕುಮಾರ್ ತೀರ್ಪಿನಿಂದಲೇ ಖಚಿತವಾಗಿದೆ. ಕೇಂದ್ರ ಸರ್ಕಾರಿ ನೌಕರರಿಗೆ ಕೇಂದ್ರ ಆಡಳಿತ ನ್ಯಾಯಮಂಡಳಿಯ ಬೆಂಗಳೂರು ಪೀಠ ಇದೆ. ನ್ಯಾಯಾಲಯಗಳ ಸಿಬ್ಬಂದಿ ಈ ನ್ಯಾಯಮಂಡಳಿಗಳ ವ್ಯಾಪ್ತಿಗೆ ಬರುವುದಿಲ್ಲ. ಅವರಂತೆ ಸಾರಿಗೆ, ವಿದ್ಯುತ್ ಮೊದಲಾದ ನಿಗಮಗಳವರೂ ಸಾಮಾನ್ಯವಾಗಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕುತ್ತಾರೆ. ಬೆಂಗಳೂರು, ಧಾರವಾಡ, ಕಲಬುರಗಿ ಇವುಗಳಲ್ಲಿ ನಿಮ್ಮ ಜಿಲ್ಲೆ ಯಾವ ಪೀಠಕ್ಕೆ ಸೇರುತ್ತದೋ ಅಲ್ಲಿಗೆ.

1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 19ನೇ ಕಲಂ ಅಡಿ ಅರ್ಜಿ ಸಲ್ಲಿಸುತ್ತೀರಿ. ಇಲಾಖೆಯೊಳಗಿನ ಪರಿಹಾರವನ್ನು ಸಾಮಾನ್ಯವಾಗಿ ಮೊದಲು ಬಳಸಿಕೊಂಡಿರಬೇಕು ಎಂದು 20ನೇ ಕಲಂ ಹೇಳುತ್ತದೆ, ನಿಮ್ಮ ಮನವಿಯ ಸ್ವೀಕೃತಿ ಇಲ್ಲಿ ಕೆಲಸಕ್ಕೆ ಬರುತ್ತದೆ. 'ಸಾಮಾನ್ಯವಾಗಿ' ಎಂಬ ಪದ ಇರುವುದರಿಂದ, ಬಿಡುಗಡೆಯ ತುರ್ತು ಇದ್ದಾಗ ಉತ್ತರಕ್ಕೆ ಕಾಯದೆ ಹೋಗಬಹುದು, ತುರ್ತು ಏನೆಂದು ಅರ್ಜಿಯಲ್ಲಿ ವಿವರಿಸಬೇಕು ಅಷ್ಟೇ. ಕಾಲಮಿತಿ ಒಂದು ವರ್ಷ ಎಂದು ಕಾಯ್ದೆಯಲ್ಲಿದ್ದರೂ ವರ್ಗಾವಣೆಗೆ ಆ ಲೆಕ್ಕ ಉಪಯೋಗಕ್ಕೆ ಬರುವುದಿಲ್ಲ. ದಿನಗಳಲ್ಲೇ ಹೋಗಬೇಕು. ಸ್ವತಃ ವಾದಿಸಲು ಕಾಯ್ದೆಯಲ್ಲಿ ಅವಕಾಶವಿದೆ. ಆದರೂ ಸೇವಾ ವಿಷಯಗಳಲ್ಲಿ ಅನುಭವವಿರುವ ವಕೀಲರನ್ನು ಹಿಡಿಯುವುದೇ ಒಳ್ಳೆಯದು, ಮೊದಲ ದಿನದ ಕೆಲವು ನಿಮಿಷಗಳಲ್ಲಿ ಪ್ರಕರಣದ ದಿಕ್ಕು ನಿಗದಿಯಾಗುತ್ತದೆ.

ಪ್ರತಿವಾದಿಗಳಾಗಿ ಇಲಾಖೆಯ ಪ್ರಧಾನ ಕಾರ್ಯದರ್ಶಿ, ಆದೇಶ ಹೊರಡಿಸಿದ ಪ್ರಾಧಿಕಾರ, ಈಗಿನ ಕಚೇರಿ ಮುಖ್ಯಸ್ಥರು ಇವರ ಜೊತೆಗೆ ನಿಮ್ಮ ಜಾಗಕ್ಕೆ ಬಂದ ನೌಕರರನ್ನೂ ಸೇರಿಸಿ. ಅವರನ್ನು ಬಿಟ್ಟರೆ ಅರ್ಜಿಗೆ ಅದೇ ದೋಷವಾಗುತ್ತದೆ. ಅವರು ಮೊದಲೇ ಕೇವಿಯಟ್ (ತಮ್ಮ ಮಾತು ಕೇಳದೆ ಆದೇಶ ಕೊಡಬೇಡಿ ಎಂಬ ಮುಂಗಡ ಅರ್ಜಿ) ಹಾಕಿದ್ದಾರೆಯೇ ಎಂದೂ ವಿಚಾರಿಸಿ.

ಅರ್ಜಿಯ ಆಧಾರಗಳನ್ನು ಜೋಡಿಸುವಾಗ ಕ್ರಮ ಮುಖ್ಯ. ಅಧಿಕಾರವಿಲ್ಲದವರ ಆದೇಶ, ಕಾಯ್ದೆಯ ಉಲ್ಲಂಘನೆ, ಅವಧಿಗೆ ಮುನ್ನವೇ ಪೂರ್ವಾನುಮೋದನೆಯಿಲ್ಲದ ವರ್ಗಾವಣೆ ಇವುಗಳಲ್ಲಿ ಯಾವುದಿದೆಯೋ ಅದು ಮೊದಲು. ಅದರ ಹಿಂದೆ, ನಿಮ್ಮ ಮನವಿಯನ್ನು ಪರಿಶೀಲಿಸಿಲ್ಲ ಎಂಬುದು. ಕಾಯಿಲೆ, ಕುಟುಂಬದ ವಿಷಯ ಬರಬೇಕಾದದ್ದು ಈ ಬೆನ್ನೆಲುಬಿನ ಮೇಲೆ. ನಿಯಮ ಮುರಿದು ಮಾಡಿದ ಆದೇಶದಿಂದ ಎಂಥ ಹಾನಿಯಾಗುತ್ತಿದೆ, ತಡೆ ಏಕೆ ಇಂದೇ ಬೇಕು ಎಂಬುದನ್ನು ಅವು ತೋರಿಸುತ್ತವೆ.

ದುರುದ್ದೇಶದ ಆರೋಪವನ್ನು ಹಗುರವಾಗಿ ಮಾಡಬೇಡಿ. ಆರೋಪಿಸಿದರೆ ಆ ವ್ಯಕ್ತಿಯನ್ನು ಹೆಸರಿನಿಂದ ಪ್ರತಿವಾದಿ ಮಾಡಬೇಕು, ಸಾಕ್ಷ್ಯ ನಿಮ್ಮದೇ ಹೊಣೆ. ಶಾಸಕರ ಪತ್ರ ಕಡತದಲ್ಲಿದೆ ಎಂಬ ಒಂದೇ ಕಾರಣಕ್ಕೆ ಆದೇಶ ಬೀಳುವುದಿಲ್ಲ ಎಂದು 2007ರ ಮಸೂದ್ ಅಹ್ಮದ್ ಪ್ರಕರಣ ಹೇಳಿದೆ. ಪ್ರಾಧಿಕಾರ ತಾನಾಗಿ ಯೋಚಿಸದೆ ಆ ಪತ್ರಕ್ಕೆ ಸಹಿ ಹಾಕಿತು ಎಂದು ತೋರಿಸಬೇಕು. ದೂರಿನ ಕಾರಣಕ್ಕೆ, ವಿಚಾರಣೆ ಮಾಡದೆ, ಶಿಕ್ಷೆಯಂತೆ ವರ್ಗಾಯಿಸಿದ್ದರೆ ಮಾತ್ರ 2009ರ ಸೋಮೇಶ್ ತಿವಾರಿ ತೀರ್ಪು ನಿಮ್ಮ ಪರ ಗಟ್ಟಿಯಾಗಿ ನಿಲ್ಲುತ್ತದೆ.

ಮಧ್ಯಂತರ ಆದೇಶ ಮತ್ತು ಆಮೇಲೆ

ಮೂಲ ಅರ್ಜಿಯ ಜೊತೆಗೇ ಮಧ್ಯಂತರ ತಡೆ ಕೋರಿ. ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ 24ನೇ ಕಲಂ ಪ್ರಕಾರ ಎದುರು ಪಕ್ಷಕ್ಕೆ ಪ್ರತಿ ಕೊಟ್ಟು, ಅವರ ಮಾತು ಕೇಳಿಯೇ ಮಧ್ಯಂತರ ಆದೇಶ ನೀಡಬೇಕು. ತುರ್ತು ಇದ್ದಾಗ ಕಾರಣ ದಾಖಲಿಸಿ ಕೂಡಲೇ ಕೊಡಬಹುದು, ಆದರೆ ಅಂಥ ಆದೇಶ ಮುಂದುವರಿಸದಿದ್ದರೆ 14 ದಿನಗಳಲ್ಲಿ ತಾನಾಗಿ ಮುಗಿಯುತ್ತದೆ. ಆ ಹದಿನಾಲ್ಕನೆಯ ದಿನವನ್ನು ನೀವೂ ಲೆಕ್ಕವಿಡಿ. ತಡೆ ಸಿಕ್ಕಿದ ಕೂಡಲೇ ದೃಢೀಕೃತ ಪ್ರತಿಯನ್ನು ಕಚೇರಿ ಮುಖ್ಯಸ್ಥರಿಗೆ ಕೊಟ್ಟು ಸ್ವೀಕೃತಿ ಪಡೆಯಿರಿ. ಪೂರ್ವಾನುಮೋದನೆಯ ಬಗ್ಗೆ ಸಂಶಯವಿದ್ದರೆ ಮೂಲ ಕಡತವನ್ನು ತರಿಸಿ ನೋಡುವಂತೆ ಕೋರಿ.

ನ್ಯಾಯಮಂಡಳಿ ಆದೇಶವನ್ನು ರದ್ದು ಮಾಡದೆ, 'ಅರ್ಜಿದಾರರ ಮನವಿಯನ್ನು ಇಂತಿಷ್ಟು ವಾರಗಳಲ್ಲಿ ಪರಿಗಣಿಸಿ ಸಕಾರಣ ಆದೇಶ ಹೊರಡಿಸಿ' ಎಂದು ನಿರ್ದೇಶಿಸುವುದು ಆರೋಗ್ಯ, ಕುಟುಂಬದ ಪ್ರಕರಣಗಳಲ್ಲಿ ಬಹಳ ಸಾಮಾನ್ಯ. ಇದನ್ನು ಸೋಲು ಎಂದುಕೊಳ್ಳಬೇಡಿ. ಮೊದಲ ಮನವಿಗೆ ಸಿಗದ ಗಮನ ಈಗ ಸಿಗುತ್ತದೆ. ಆದೇಶದ ಪ್ರತಿಯ ಜೊತೆ ಹೊಸ ವೈದ್ಯಕೀಯ ಪತ್ರ, ಆ ಹೊತ್ತಿಗೆ ಖಾಲಿಯಾಗಿರುವ ಹುದ್ದೆಗಳ ಹೊಸ ಪಟ್ಟಿ ಇಟ್ಟು ಪೂರಕ ಮನವಿ ಕೊಡಿ. ಪರಿಗಣನೆ ಮುಗಿಯುವವರೆಗೆ ಬಿಡುಗಡೆ ಮಾಡಬಾರದು ಎಂಬ ಸಾಲು ನಿರ್ದೇಶನದಲ್ಲಿ ಇರುವಂತೆ ವಕೀಲರು ಅದೇ ದಿನ ಕೇಳಬೇಕು, ಇಲ್ಲದಿದ್ದರೆ ಪರಿಗಣನೆ ನಡೆಯುತ್ತಿರುವಾಗಲೇ ನೀವು ಹೊಸ ಊರಿನಲ್ಲಿರುತ್ತೀರಿ. ಇಲಾಖೆ ಕೊಟ್ಟ ಹಿಂಬರಹದಲ್ಲಿ ನಿಮ್ಮ ದಾಖಲೆಗಳ ಮಾತೇ ಇಲ್ಲದೆ 'ಅವಕಾಶವಿರುವುದಿಲ್ಲ' ಎಂದು ಒಂದೇ ಸಾಲಿದ್ದರೆ, ಆ ಹಿಂಬರಹವನ್ನೇ ಮತ್ತೆ ಪ್ರಶ್ನಿಸಬಹುದು. ಅರ್ಜಿಯೇ ವಜಾ ಆದರೆ ಹೈಕೋರ್ಟಿನ ವಿಭಾಗೀಯ ಪೀಠದ ಮುಂದೆ ರಿಟ್ ಅರ್ಜಿ ಹಾಕಬಹುದು. ಅಷ್ಟರಲ್ಲಿ ಹೊಸ ಸ್ಥಳದಲ್ಲಿ ಹಾಜರಾಗಿರಿ.

ಫಲಿತಾಂಶ ಏನೇ ಆಗಲಿ, ಬಿಡುಗಡೆಯಾದ ದಿನದಿಂದ ಮತ್ತೆ ಕರ್ತವ್ಯಕ್ಕೆ ಹಾಜರಾದ ದಿನದವರೆಗಿನ ಅವಧಿಯನ್ನು ಸೇರಿಕೆ ಕಾಲ, ಅರ್ಹ ರಜೆ ಅಥವಾ ಕಡ್ಡಾಯ ನಿರೀಕ್ಷಣೆ (ಸ್ಥಳ ತೋರಿಸುವವರೆಗೆ ಕಾದ ಅವಧಿ) ಎಂದು ಸಕ್ರಮಗೊಳಿಸಿ ಆದೇಶ ಪಡೆಯಿರಿ, ಅದು ಸೇವಾ ಪುಸ್ತಕದಲ್ಲಿ ನಮೂದಾಗುವವರೆಗೆ ಬೆನ್ನು ಬಿಡಬೇಡಿ. ಕೊನೆಯ ವೇತನ ಪ್ರಮಾಣಪತ್ರ ಹೊಸ ಕಚೇರಿಗೆ ತಲುಪಿ, ಸಂಬಳದ ಬಿಲ್ಲು ಮಾಡುವ ಎಚ್‌ಆರ್‌ಎಂಎಸ್ ತಂತ್ರಾಂಶದಲ್ಲಿ ನಿಮ್ಮ ಹೆಸರು ಆ ಕಚೇರಿಗೆ ಬದಲಾಗುವ ತನಕ ಅಲ್ಲಿ ಸಂಬಳ ಆಗುವುದಿಲ್ಲ. ಇವುಗಳನ್ನು ಬಿಡುಗಡೆಯ ದಿನವೇ ಬರೆದು ಕೇಳಿ. ಅವಧಿ ಸಕ್ರಮವಾಗದೆ ಉಳಿದರೆ ವಾರ್ಷಿಕ ವೇತನ ಬಡ್ತಿ, ಕಾಲಬದ್ಧ ಬಡ್ತಿ, ನಿವೃತ್ತಿಯ ವೇಳೆ ಅರ್ಹ ಸೇವೆಯ ಲೆಕ್ಕ ಎಲ್ಲದರಲ್ಲೂ ಅದೇ ತಕರಾರು ಮತ್ತೆ ಮತ್ತೆ ಎದ್ದು ಬರುತ್ತದೆ.